ಯಾವ ಪಟ್ಟಿಯಲ್ಲೂ ಇಲ್ಲದವರ ಲೆಕ್ಕ

ಲೆಕ್ಕದ ಹಿಂದಿನ ಕಥೆ | ಭಾಗ 6

ತರಗತಿಯಲ್ಲಿ 40 ಮಂದಿ. 25 ಜನ ಕಾಫಿ ಕುಡೀತಾರೆ, 18 ಜನ ಟೀ, 8 ಜನ ಎರಡೂ. ಯಾವುದೂ ಕುಡಿಯದವರು ಎಷ್ಟು?

ಎರಡೆರಡು ಸಲ ಎಣಿಸಿದ 8 ಮಂದಿಯನ್ನ ಒಂದು ಸಲ ಕಳೆದರೆ 35. ಉಳಿದವರು 5. ಗಣಗಳ ಪಾಠದಲ್ಲಿ ಇದನ್ನ ಎಷ್ಟು ಸಲ ಮಾಡಿಲ್ಲ ಹೇಳಿ!

ಆದ್ರೆ ಆ 40ನ್ನ ಪ್ರಶ್ನೆಯಲ್ಲೇ ಕೊಟ್ಟುಬಿಟ್ಟಿರ್ತಾರೆ, ಗಮನಿಸಿದ್ರಾ? ಅದು ಗೊತ್ತೇ ಇಲ್ಲದಿದ್ರೆ?

1943ರಲ್ಲಿ ಬಂಗಾಳಕ್ಕೆ ಬರ ಬಂತು. ಎಷ್ಟು ಜನ ಸತ್ತರು? ಸರ್ಕಾರದ ವಿಚಾರಣಾ ಆಯೋಗ 1945ರಲ್ಲಿ ಸುಮಾರು 15 ಲಕ್ಷ ಅಂತು. ಮುಂದೆ ಅಮರ್ತ್ಯ ಸೇನ್ ಮಾಡಿದ ಅಂದಾಜು 30 ಲಕ್ಷದ ಹತ್ತಿರ. ಒಂದಕ್ಕೆ ಎರಡು! ಯಾಕಂದ್ರೆ ಹಳ್ಳಿಯ ಹುಟ್ಟು-ಸಾವನ್ನ ವರದಿ ಮಾಡಬೇಕಿದ್ದವನು ಚೌಕೀದಾರ. ಅವನು ಹೇಳದ ಸಾವು ಸರ್ಕಾರದ ಪುಸ್ತಕಕ್ಕೆ ಬರ್ತಿರಲಿಲ್ಲ.

ಕಲ್ಕತ್ತೆಯ ಅಖಿಲ ಭಾರತ ಆರೋಗ್ಯ ಸಂಸ್ಥೆಯೊಂದರಲ್ಲಿ ಸಿ. ಚಂದ್ರಶೇಖರನ್ ಅನ್ನೋ ಸಂಖ್ಯಾಶಾಸ್ತ್ರಜ್ಞ ಇದ್ದರು. (ನಕ್ಷತ್ರಗಳ ಚಂದ್ರಶೇಖರ್ ಅಲ್ಲ, ಇವರು ಬೇರೆ.) ಇವರು ಅಮೆರಿಕದ ಎಡ್ವರ್ಡ್ಸ್ ಡೆಮಿಂಗ್ ಜೊತೆ ಸೇರಿ 1949ರಲ್ಲಿ ಒಂದು ಪ್ರಬಂಧ ಬರೆದರು. ಅದಕ್ಕೆ ಬಳಸಿದ್ದು ಹೂಗ್ಲಿ ಜಿಲ್ಲೆಯ ಸಿಂಗೂರ್ ಪ್ರದೇಶದ 1945 ಮತ್ತು 1946ರ ಹುಟ್ಟು-ಸಾವಿನ ಲೆಕ್ಕ. ಹೌದು, ಮುಂದೆ ನ್ಯಾನೋ ಕಾರಿನ ಫ್ಯಾಕ್ಟರಿ ಗಲಾಟೆಯಿಂದ ಸುದ್ದಿಯಾಯ್ತಲ್ಲ, ಅದೇ ಸಿಂಗೂರ್.

ಅವರ ಕೈಯಲ್ಲಿ ಎರಡು ಪಟ್ಟಿ. ಒಂದು ರಿಜಿಸ್ಟ್ರಾರ್ ಬರೆದಿಟ್ಟದ್ದು, ಇನ್ನೊಂದು ಮನೆಮನೆಗೆ ಹೋಗಿ ಕೇಳಿ ಬರೆದದ್ದು. ಎರಡರಲ್ಲೂ ತಪ್ಪಿಹೋದವರು ಇದ್ದೇ ಇರ್ತಾರೆ. ಆದ್ರೂ ಎರಡನ್ನೂ ಪಕ್ಕಪಕ್ಕ ಇಟ್ಟು ಹೊಂದಿಸಿ ನೋಡಿದ್ರೆ?

ಸುಲಭವಾಗಲಿ ಅಂತ ನಾನೇ ಸಂಖ್ಯೆ ಹಾಕ್ತೀನಿ. ರಿಜಿಸ್ಟ್ರಾರ್ ಪಟ್ಟಿಯಲ್ಲಿ 60 ಸಾವು, ಮನೆಮನೆಯ ಪಟ್ಟಿಯಲ್ಲಿ 50, ಎರಡರಲ್ಲೂ ಇರೋದು 40. ನಮ್ಮ ಪಾಠದ ಸೂತ್ರ ಇಲ್ಲಿ 70 ಅಂತ ಹೇಳಿ ಸುಮ್ಮನಾಗುತ್ತೆ. ಚಂದ್ರಶೇಖರನ್ ಮತ್ತು ಡೆಮಿಂಗ್ ಅಲ್ಲಿಗೆ ನಿಲ್ಲಲಿಲ್ಲ. ಮನೆಮನೆಯಲ್ಲಿ ಸಿಕ್ಕ 50ರಲ್ಲಿ ರಿಜಿಸ್ಟ್ರಾರ್‌ಗೆ ಗೊತ್ತಿದ್ದದ್ದು 40, ಅಂದ್ರೆ 80%. ಹಾಗಾದ್ರೆ ಒಟ್ಟು ಸಾವಿನಲ್ಲೂ ಅವನು 80% ಹಿಡಿದಿರಬೇಕು. 60 ಅನ್ನೋದು 80% ಆದ್ರೆ ಒಟ್ಟು 75. ಯಾರೂ ಬರೆಯದ ಆ 5 ಸಾವು ಹೀಗೆ ಹೊರಗೆ ಬಂತು. ನೇರ ದಾರಿಯೂ ಇದೆ: ಒಂದರಲ್ಲಿ ಮಾತ್ರ ಇರೋ 20, ಇನ್ನೊಂದರಲ್ಲಿ ಮಾತ್ರ ಇರೋ 10, ಗುಣಿಸಿ 40ರಿಂದ ಭಾಗಿಸಿ.

ನಾನು ಇದನ್ನ ಮೊದಲ ಸಲ ನೋಡಿದಾಗ ಏನೋ ಮೋಸ ಇದೆ ಅಂದ್ಕೊಂಡೆ. ಒಂದು ಷರತ್ತಂತೂ ಇದೆ. ಎರಡು ಪಟ್ಟಿಗಳೂ ಒಂದನ್ನೊಂದು ನೋಡಿ ಬರೆದಿರಬಾರದು, ಎರಡೂ ಒಂದೇ ಥರದವರನ್ನ ಬಿಟ್ಟಿರಬಾರದು. ಹೆಸರಿಡೋ ಮೊದಲೇ ತೀರಿಹೋದ ಕೂಸನ್ನ ರಿಜಿಸ್ಟ್ರಾರೂ ಬರೆದಿಲ್ಲ, ಮನೆಯವರೂ ಹೇಳಲಿಲ್ಲ ಅಂತಿಟ್ಕೊಳ್ಳಿ, ಆಗ ಉತ್ತರ ಕಡಿಮೆ ಬರುತ್ತೆ. ಇದು ಅವರಿಗೂ ಗೊತ್ತಿತ್ತು. ಅದಕ್ಕೇ ಜನರನ್ನ ಒಂದೇ ರೀತಿಯ ಸಣ್ಣ ಸಣ್ಣ ಗುಂಪುಗಳಾಗಿ ಒಡೆದು, ಪ್ರತಿ ಗುಂಪಿಗೂ ಬೇರೆಬೇರೆ ಲೆಕ್ಕ ಮಾಡಿ, ಆಮೇಲೆ ಕೂಡಿಸಿ ಅಂದ್ರು. ಪ್ರಬಂಧದ ನಿಜವಾದ ಬುದ್ಧಿವಂತಿಕೆ ಇರೋದು ಇಲ್ಲೇ ಅನ್ನೋದು ನನ್ನ ಅಭಿಪ್ರಾಯ.

ನಮ್ಮೂರಿನ ನಂಟೂ ಇದೆ. 1951-52ರಲ್ಲಿ ವಿಶ್ವಸಂಸ್ಥೆ ಮತ್ತು ಭಾರತ ಸರ್ಕಾರ ಸೇರಿ ಮೈಸೂರು ರಾಜ್ಯದಲ್ಲಿ ದೊಡ್ಡ ಜನಸಂಖ್ಯಾ ಅಧ್ಯಯನ ನಡೆಸಿದವು. ಅದರ ಹೊಣೆ ಹೊತ್ತವರಲ್ಲಿ ಚಂದ್ರಶೇಖರನ್ ಕೂಡ ಒಬ್ಬರು.

ಪಟ್ಟಿಗಳ ಹೊಂದಾಣಿಕೆಯಿಂದ ಕಾಣದವರನ್ನ ಎಣಿಸೋ ಈ ಯೋಚನೆ ಆಮೇಲೆ ತುಂಬಾ ದೂರ ಹೋಯ್ತು. ದಕ್ಷಿಣ ಅಮೆರಿಕದ ಪೆರು ದೇಶದಲ್ಲಿ 1980ರಿಂದ 2000ದವರೆಗೆ ಸೈನ್ಯ ಮತ್ತು ಬಂಡುಕೋರರ ನಡುವೆ ಸಿಕ್ಕು ಸತ್ತವರು, ಕಾಣೆಯಾದವರು ಎಷ್ಟು ಅಂತ ಅಲ್ಲಿನ ಸತ್ಯಶೋಧನಾ ಆಯೋಗ ಹುಡುಕಿತು. ಈ ಸಲ ಪಟ್ಟಿಗಳು ಮೂರು. ಹೆಸರು ಸಿಕ್ಕಿದ್ದು ಸುಮಾರು 24 ಸಾವಿರ. 2003ರಲ್ಲಿ ಆಯೋಗ ಕೊಟ್ಟ ಅಂದಾಜು 69,280. ಸತ್ತವರಲ್ಲಿ ಹೆಚ್ಚಿನವರು ಬೆಟ್ಟದ ಹಳ್ಳಿಗಳ ರೈತರು, ಕೆಚುವಾ ಮಾತಾಡುವವರು.