ವೀರಪ್ಪನ್ ಕಥೆಯಲ್ಲಿ ಕಾಡಂಚಿನವರ ಮಾತು

2023ರಲ್ಲಿ ನೆಟ್‌ಫ್ಲಿಕ್ಸ್‌ಗೆ ಬಂದ ‘ದಿ ಹಂಟ್ ಫಾರ್ ವೀರಪ್ಪನ್’ ಸಾಕ್ಷ್ಯಚಿತ್ರವನ್ನು ನಾವೂ ನೋಡಿದೆವು. ನಾಲ್ಕು ಕಂತುಗಳಲ್ಲಿ ಪತ್ನಿ ಮುತ್ತುಲಕ್ಷ್ಮಿ, ಪೊಲೀಸ್ ಅಧಿಕಾರಿಗಳು ಮಾತಾಡುತ್ತಾರೆ. ಆದರೆ ಕ್ಯಾಮೆರಾ ಬರುವ ಎಷ್ಟೋ ಮೊದಲೇ ಕಾಡಂಚಿನ ಜನ ಬಾಯಿಬಿಟ್ಟಿದ್ದರು.

1993ರ ಏಪ್ರಿಲ್ 9ರಂದು ಪಾಲಾರ್ ಬಳಿ ವೀರಪ್ಪನ್ ತಂಡ ಹುಗಿದಿಟ್ಟ ಬಾಂಬಿಗೆ 22 ಜನ ಬಲಿಯಾದರು. ಅವರಲ್ಲಿ ಪೊಲೀಸರ ಜೊತೆ ಹೋಗಿದ್ದ ಮಾಹಿತಿದಾರರೂ ಇದ್ದರು. ಇತ್ತ ಎಸ್‌ಟಿಎಫ್‌ನವರು ಮಲೆ ಮಹದೇಶ್ವರ ಬೆಟ್ಟದ ‘ವರ್ಕ್‌ಶಾಪ್’ನಲ್ಲಿ ಕರೆಂಟ್ ಕೊಟ್ಟು ಹಿಂಸಿಸಿದರೆಂದು ಹಳ್ಳಿಯವರು ನ್ಯಾಯಮೂರ್ತಿ ಸದಾಶಿವ ಸಮಿತಿಯ ಎದುರು ಹೇಳಿದರು. 2007ರಲ್ಲಿ ರಾಷ್ಟ್ರೀಯ ಮಾನವ ಹಕ್ಕುಗಳ ಆಯೋಗ 89 ಸಂತ್ರಸ್ತರಿಗೆ ಪರಿಹಾರ ಕೊಡಲು ಹೇಳಿತು.

ಎರಡೂ ಕಡೆಯ ಏಟು ತಿಂದವರು ಇವರು. ಬೇಟೆಗಾರ ಯಾರು, ಬೇಟೆ ಯಾರು ಎಂಬುದಷ್ಟೇ ಚರಿತ್ರೆಯಲ್ಲ. ನಡುವೆ ಸಿಕ್ಕಿಕೊಂಡವರ ಹೇಳಿಕೆಯೂ ಚರಿತ್ರೆಯೇ. ಮುಂದೆ ಇಂಥ ಚಿತ್ರ ನೋಡುವಾಗ ಊರಿನವರ ಮಾತಿಗೆ ಎಷ್ಟು ಹೊತ್ತು ಸಿಕ್ಕಿತೆಂದು ಗಮನಿಸಿ.