ಮೈಸೂರಿನ ದೇವರಾಜ ಮಾರುಕಟ್ಟೆ ಮತ್ತು ಕೋಟೆ ದೇವಾಲಯಗಳು: ಮಾರ್ಗದರ್ಶಕರೊಡನೆ ಪಾರಂಪರಿಕ ನಡಿಗೆ

ಪೀಠಿಕೆ

ಮೈಸೂರಿಗೆ ಆಗಮಿಸುವ ಪ್ರವಾಸಿಗರಲ್ಲಿ ಹಲವರು ಅರಮನೆ, ಚಾಮುಂಡಿ ಬೆಟ್ಟ ಹಾಗೂ ಮೃಗಾಲಯವನ್ನು ವಾಹನದಲ್ಲಿ ಸುತ್ತಿ ಅದೇ ದಿನ ಹಿಂದಿರುಗುತ್ತಾರೆ. ಆದರೆ ಈ ನಗರದ ದಿನಚರಿಯನ್ನು ಅರಿಯಬೇಕಾದರೆ ಮುಂಜಾನೆಯ ಹೊತ್ತು ಕಾಲ್ನಡಿಗೆಯಲ್ಲಿ ದೇವರಾಜ ಮಾರುಕಟ್ಟೆಯನ್ನು ಹೊಕ್ಕು, ಅಲ್ಲಿಂದ ಕೋಟೆಯೊಳಗಿನ ದೇವಾಲಯಗಳಿಗೆ ಸಾಗುವುದು ಉತ್ತಮ ಕ್ರಮವಾಗಿದೆ. ಮಾರುಕಟ್ಟೆಯಲ್ಲಿ ಬೆಳಗ್ಗೆ ಮಾರಾಟವಾಗುವ ಹೂವು, ವೀಳ್ಯದೆಲೆ, ಬಾಳೆಹಣ್ಣು, ತೆಂಗಿನಕಾಯಿ ಹಾಗೂ ಕರ್ಪೂರಗಳು ಕೆಲವೇ ಗಂಟೆಗಳಲ್ಲಿ ದೇವರ ಸನ್ನಿಧಿಯನ್ನೂ ಮನೆಮನೆಗಳ ಪೂಜಾಗೃಹವನ್ನೂ ಸೇರುತ್ತವೆ. ಮಾರುಕಟ್ಟೆ ಮತ್ತು ದೇವಾಲಯಗಳನ್ನು ಎರಡು ಪ್ರತ್ಯೇಕ ಪ್ರೇಕ್ಷಣೀಯ ಸ್ಥಳಗಳೆಂದು ಭಾವಿಸದೆ, ಒಂದೇ ವ್ಯವಸ್ಥೆಯ ಎರಡು ಅಂಗಗಳೆಂದು ನೋಡುವುದೇ ಈ ನಡಿಗೆಯ ಉದ್ದೇಶ.

ರಾಜ್ಯದ ಪುರಾತತ್ತ್ವ, ಸಂಗ್ರಹಾಲಯಗಳು ಮತ್ತು ಪರಂಪರೆ ಇಲಾಖೆಯು ದಸರಾ ಮಹೋತ್ಸವದ ಸಂದರ್ಭದಲ್ಲಿ ಮೈಸೂರಿನಲ್ಲಿ ಪಾರಂಪರಿಕ ನಡಿಗೆ ಹಾಗೂ ಟಾಂಗಾ ಸವಾರಿಗಳನ್ನು ಏರ್ಪಡಿಸುತ್ತ ಬಂದಿದೆ. ವರ್ಷದ ಇತರ ದಿನಗಳಲ್ಲಿ ಖಾಸಗಿ ಮಾರ್ಗದರ್ಶಕರು ಇಂತಹ ನಡಿಗೆಗಳನ್ನು ನಡೆಸುತ್ತಾರೆ. ಪ್ರವಾಸಿಗರು ಪ್ರವಾಸೋದ್ಯಮ ಇಲಾಖೆಯ ಗುರುತಿನ ಚೀಟಿ ಹೊಂದಿರುವ ಮಾರ್ಗದರ್ಶಕರನ್ನೇ ಆರಿಸಿಕೊಳ್ಳುವುದು ಸೂಕ್ತ.

ನಡಿಗೆಯ ಆರಂಭ

ನಡಿಗೆಯನ್ನು ರಂಗಾಚಾರ್ಲು ಸ್ಮಾರಕ ಪುರಭವನದಿಂದ ಆರಂಭಿಸಬಹುದು. 1881ರಿಂದ 1883ರವರೆಗೆ ಮೈಸೂರು ಸಂಸ್ಥಾನದ ದಿವಾನರಾಗಿದ್ದ ಸಿ. ರಂಗಾಚಾರ್ಲು ಅವರ ಸ್ಮರಣಾರ್ಥ ಇದನ್ನು ನಿರ್ಮಿಸಲಾಯಿತು. ಸಮೀಪದಲ್ಲಿರುವ ದೊಡ್ಡ ಗಡಿಯಾರದ ಗೋಪುರವು ನಾಲ್ವಡಿ ಕೃಷ್ಣರಾಜ ಒಡೆಯರ್ ಅವರ ಆಳ್ವಿಕೆಯ ರಜತ ಮಹೋತ್ಸವದ ನೆನಪಿಗಾಗಿ 1927ರಲ್ಲಿ ನಿರ್ಮಾಣವಾಯಿತು. ಅದರ ಮುಖಫಲಕದಲ್ಲಿ ಕನ್ನಡ ಅಂಕಿಗಳಿರುವುದನ್ನು ಗಮನಿಸಬಹುದು.

ಇಲ್ಲಿಂದ ಕೃಷ್ಣರಾಜ ವೃತ್ತವನ್ನು ದಾಟಿದರೆ ಚಿಕ್ಕ ಗಡಿಯಾರದ ಚೌಕ ಸಿಗುತ್ತದೆ. ವೈಸರಾಯ್ ಲಾರ್ಡ್ ಡಫರಿನ್ ಅವರ ಮೈಸೂರು ಭೇಟಿಯ ಸ್ಮರಣೆಗಾಗಿ 1886ರಲ್ಲಿ ನಿರ್ಮಿಸಲಾದ ಈ ಗೋಪುರದ ಎದುರಿಗೇ ಮಾರುಕಟ್ಟೆಯ ದಕ್ಷಿಣ ದ್ವಾರವಿದೆ.

ದೇವರಾಜ ಮಾರುಕಟ್ಟೆ

ಇಂದಿನ ಮಾರುಕಟ್ಟೆಯ ಸ್ಥಳದಲ್ಲಿ ಬಹು ಹಿಂದಿನಿಂದಲೂ ಸಂತೆ ಸೇರುತ್ತಿತ್ತೆಂದು ಹೇಳಲಾಗುತ್ತದೆ. 19ನೆಯ ಶತಮಾನದ ಕೊನೆಯ ದಶಕಗಳಲ್ಲಿ, ಹತ್ತನೆಯ ಚಾಮರಾಜ ಒಡೆಯರ್ ಅವರ ಕಾಲದಲ್ಲಿ, ಇದು ಕಟ್ಟಡದ ರೂಪ ಪಡೆಯಿತು. 1659ರಿಂದ 1673ರವರೆಗೆ ಆಳಿದ ದೊಡ್ಡ ದೇವರಾಜ ಒಡೆಯರ್ ಅವರ ಹೆಸರನ್ನು ಇದಕ್ಕೆ ಇಡಲಾಗಿದೆ. ಸಯ್ಯಾಜಿರಾವ್ ರಸ್ತೆಯ ಉದ್ದಕ್ಕೂ ಚಿಕ್ಕ ಗಡಿಯಾರದಿಂದ ಧನ್ವಂತ್ರಿ ರಸ್ತೆಯವರೆಗೆ ಚಾಚಿಕೊಂಡಿರುವ ಈ ಮಾರುಕಟ್ಟೆಯಲ್ಲಿ ಎಂಟುನೂರಕ್ಕೂ ಹೆಚ್ಚು ಮಳಿಗೆಗಳಿವೆ. ರಸ್ತೆಯ ಕಡೆಗೆ ಮುಖಮಾಡಿದ ಅಂಗಡಿಗಳ ಹಿಂದೆ ಒಳಗಿನ ಅಂಕಣಗಳು ಅಡಗಿರುವುದರಿಂದ, ಹೊರಗಿನಿಂದ ನೋಡಿದವರಿಗೆ ಅದರ ವಿಸ್ತಾರದ ಅರಿವಾಗುವುದಿಲ್ಲ.

ಒಳಗಿನ ಓಣಿಗಳಲ್ಲಿ ಒಂದೊಂದು ಸರಕಿಗೂ ತನ್ನದೇ ಆದ ನೆಲೆಯಿದೆ. ಮಾರ್ಗದರ್ಶಕರೊಡನೆ ನಡೆಯುವವರು ವಿಶೇಷವಾಗಿ ಗಮನಿಸಬೇಕಾದವು ಇವು:

ಹೂವಿನ ಸಾಲು: ಸೇವಂತಿಗೆ, ಚೆಂಡುಹೂ, ಕನಕಾಂಬರ, ಸುಗಂಧರಾಜ ಹಾಗೂ ಮಲ್ಲಿಗೆ ಇಲ್ಲಿ ರಾಶಿ ರಾಶಿಯಾಗಿ ಬಂದಿಳಿಯುತ್ತವೆ. ಬಿಡಿ ಹೂವನ್ನು ತೂಕದಲ್ಲಿ, ಕಟ್ಟಿದ ಹೂವನ್ನು ಮೊಳ ಅಥವಾ ಮಾರಿನ ಲೆಕ್ಕದಲ್ಲಿ ಮಾರುವುದು ರೂಢಿ. ಮೊಳವೆಂದರೆ ಮೊಣಕೈಯಿಂದ ಬೆರಳ ತುದಿಯವರೆಗಿನ ಉದ್ದ. ಮಾರೆಂದರೆ ಚಾಚಿದ ಎರಡು ಕೈಗಳ ನಡುವಿನ ಅಳತೆ. ಮೈಸೂರು ಮಲ್ಲಿಗೆಗೆ ಭೌಗೋಳಿಕ ಸೂಚಕದ ಮಾನ್ಯತೆ ದೊರೆತಿದೆ.

ವೀಳ್ಯದೆಲೆಯ ಸಾಲು: ಮೈಸೂರು ವೀಳ್ಯದೆಲೆಯು ನುಣುಪಾದ ಮೈ ಹಾಗೂ ಹದವಾದ ಖಾರಕ್ಕೆ ಹೆಸರಾಗಿದೆ. ಹಿಂದೆ ಇದನ್ನು ಅಗ್ರಹಾರ, ವಿದ್ಯಾರಣ್ಯಪುರಂ ಸುತ್ತಲಿನ ತೋಟಗಳಲ್ಲಿಯೇ ಬೆಳೆಯಲಾಗುತ್ತಿತ್ತು. ನಗರವು ವಿಸ್ತರಿಸಿದಂತೆ ಈ ತೋಟಗಳು ಕಡಿಮೆಯಾಗುತ್ತ ಬಂದವು. ಈ ಎಲೆಗೂ ಭೌಗೋಳಿಕ ಸೂಚಕದ ಮಾನ್ಯತೆಯಿದೆ.

ಬಾಳೆಹಣ್ಣಿನ ಮಂಡಿ: ಪುಟ್ಟಬಾಳೆ, ಪಚ್ಚಬಾಳೆ ಮೊದಲಾದವುಗಳ ನಡುವೆ ನಂಜನಗೂಡು ರಸಬಾಳೆಯನ್ನು ಕೇಳಿ ಗುರುತಿಸಿಕೊಳ್ಳಬೇಕು. ಭೌಗೋಳಿಕ ಸೂಚಕ ಪಡೆದ ಈ ತಳಿಯ ಮೂಲ ನೆಲೆ ನಂಜನಗೂಡು ತಾಲ್ಲೂಕಿನ ದೇವರಸನಹಳ್ಳಿಯ ಸುತ್ತಲಿನ ಪ್ರದೇಶ. ಪನಾಮಾ ಸೊರಗು ರೋಗದಿಂದ ಇದರ ಬೆಳೆ ಬಹಳ ಕುಗ್ಗಿದೆ. ಆದ್ದರಿಂದ ಎಲ್ಲ ದಿನವೂ ದೊರೆಯುತ್ತದೆಂಬ ನಿರೀಕ್ಷೆ ಬೇಡ. ದೊರೆತ ದಿನ ಒಂದು ಹಣ್ಣನ್ನು ಕೊಂಡು ಸವಿಯುವುದನ್ನು ಮರೆಯಬಾರದು.

ಕುಂಕುಮ ಮತ್ತು ಸುಗಂಧ ದ್ರವ್ಯಗಳ ಅಂಗಡಿಗಳು: ಶಂಕುವಿನಾಕಾರದಲ್ಲಿ ಪೇರಿಸಿಟ್ಟ ಬಣ್ಣಬಣ್ಣದ ಪುಡಿಗಳು ಛಾಯಾಚಿತ್ರಗಳ ಮೂಲಕ ದೇಶವಿದೇಶಗಳಲ್ಲಿ ಪರಿಚಿತವಾಗಿವೆ. ಇವುಗಳ ಪಕ್ಕದಲ್ಲಿಯೇ ಊದಿನಕಡ್ಡಿ, ಅತ್ತರು, ಶ್ರೀಗಂಧದ ವಸ್ತುಗಳು ಮಾರಾಟವಾಗುತ್ತವೆ.

ತರಕಾರಿ, ಬೆಲ್ಲ ಮತ್ತು ತೆಂಗಿನಕಾಯಿ: ಮೈಸೂರು ಸೀಮೆಯ ಈರನಗೆರೆ ಬದನೆ, ಅವರೆಕಾಲದಲ್ಲಿ ಬರುವ ಸೊಗಡಿನ ಅವರೆಕಾಯಿ, ಅಚ್ಚುಬೆಲ್ಲ ಹಾಗೂ ಉಂಡೆಬೆಲ್ಲಗಳನ್ನು ಇಲ್ಲಿ ಕಾಣಬಹುದು.

ಮಾರುಕಟ್ಟೆಯ ವ್ಯಾಪಾರಿಗಳು ಹಲವು ಧರ್ಮ, ಹಲವು ಸಮುದಾಯಗಳಿಗೆ ಸೇರಿದವರು. ದೇವರ ಮುಡಿಗೇರುವ ಹೂವನ್ನು ಬೆಳೆದವರು, ಹೊತ್ತು ತಂದವರು, ಕಟ್ಟಿದವರು ಹಾಗೂ ಮಾರಿದವರು ಬೇರೆ ಬೇರೆ ನಂಬಿಕೆಯವರಾಗಿರಬಹುದು. ಈ ಸಂಗತಿಯನ್ನು ಮಾರ್ಗದರ್ಶಕರು ಪ್ರವಾಸಿಗರಿಗೆ ತಿಳಿಸಿಕೊಡುವುದು ಅಪೇಕ್ಷಣೀಯ.

ಮೈಸೂರ್ ಪಾಕ್

ಮಾರುಕಟ್ಟೆಯ ಹೊರಸಾಲಿನ ಸಿಹಿ ಅಂಗಡಿಗಳಲ್ಲಿ ಮೈಸೂರ್ ಪಾಕ್ ಸವಿಯುವುದು ವಾಡಿಕೆ. ನಾಲ್ವಡಿ ಕೃಷ್ಣರಾಜ ಒಡೆಯರ್ ಅವರ ಕಾಲದಲ್ಲಿ ಅರಮನೆಯ ಬಾಣಸಿಗರಾಗಿದ್ದ ಕಾಕಾಸುರ ಮಾದಪ್ಪನವರು ಕಡಲೆಹಿಟ್ಟು, ತುಪ್ಪ ಹಾಗೂ ಸಕ್ಕರೆಯಿಂದ ಇದನ್ನು ಮೊದಲು ಸಿದ್ಧಪಡಿಸಿದರೆಂದು ಹೇಳಲಾಗುತ್ತದೆ. ಕುದಿಯುವ ಸಕ್ಕರೆ ಪಾಕಕ್ಕೆ ಹಿಟ್ಟನ್ನೂ ಕಾದ ತುಪ್ಪವನ್ನೂ ಬಿಡದೆ ಸೇರಿಸುತ್ತ ಹೋದಾಗ ಅದು ಉಬ್ಬಿ, ಗೂಡುಗೂಡಾಗಿ ಹೆಪ್ಪುಗಟ್ಟುತ್ತದೆ. ಹದ ತಪ್ಪಿದರೆ ಗಟ್ಟಿಯಾಗುತ್ತದೆ ಇಲ್ಲವೆ ಪುಡಿಯಾಗುತ್ತದೆ.

ಕೋಟೆಯ ದೇವಾಲಯಗಳು

ಮಾರುಕಟ್ಟೆಯಿಂದ ಹಿಂದಿರುಗಿ ಚಾಮರಾಜ ವೃತ್ತದ ಮೂಲಕ ಅರಮನೆಯ ಉತ್ತರ ದ್ವಾರವನ್ನು ಕೆಲವೇ ನಿಮಿಷಗಳಲ್ಲಿ ತಲುಪಬಹುದು. ಈಗಿನ ಅಂಬಾವಿಲಾಸ ಅರಮನೆಯು 1897ರಲ್ಲಿ ಹಳೆಯ ಮರದ ಅರಮನೆ ಬೆಂಕಿಗೆ ಆಹುತಿಯಾದ ನಂತರ ನಿರ್ಮಿತವಾಗಿ 1912ರಲ್ಲಿ ಪೂರ್ಣಗೊಂಡಿತು. ಕೋಟೆಯೊಳಗಿನ ಕೆಲವು ದೇವಾಲಯಗಳು ಇದಕ್ಕಿಂತ ಶತಮಾನಗಳಷ್ಟು ಹಿಂದಿನವು.

1. ಕೋಟೆ ಆಂಜನೇಯಸ್ವಾಮಿ ದೇವಾಲಯ: ಉತ್ತರ ದ್ವಾರದ ಬಳಿ ಇರುವ ಈ ದೇವಾಲಯಕ್ಕೆ ನಗರದ ಜನರು ನಿತ್ಯವೂ ಬಂದುಹೋಗುತ್ತಾರೆ. ಮಾರುಕಟ್ಟೆಯಲ್ಲಿ ಕಂಡ ವೀಳ್ಯದೆಲೆಯನ್ನು ಇಲ್ಲಿ ಹಾರವಾಗಿ ಕಾಣುವ ಅವಕಾಶ ಪ್ರವಾಸಿಗರಿಗೆ ಒದಗಬಹುದು.

2. ಲಕ್ಷ್ಮೀರಮಣಸ್ವಾಮಿ ದೇವಾಲಯ: ಮೈಸೂರಿನ ಪ್ರಾಚೀನ ದೇವಾಲಯಗಳಲ್ಲಿ ಇದೂ ಒಂದು. ವಿಜಯನಗರದ ನರಸನಾಯಕನ ಕಾಲದ, 1499ರ ಶಾಸನದಲ್ಲಿ ಇದಕ್ಕೆ ನೀಡಿದ ದತ್ತಿಯ ಉಲ್ಲೇಖವಿದೆ.

3. ತ್ರಿನಯನೇಶ್ವರಸ್ವಾಮಿ ದೇವಾಲಯ: ಇದು ಮೂಲತಃ ಹಳೆಯ ಕೋಟೆಯ ಹೊರಗೆ, ದೊಡ್ಡಕೆರೆಯ ದಡದಲ್ಲಿತ್ತು. ಕೋಟೆಯನ್ನು ವಿಸ್ತರಿಸಿದಾಗ ಒಳಭಾಗಕ್ಕೆ ಸೇರಿತು.

4. ಶ್ವೇತ ವರಾಹಸ್ವಾಮಿ ದೇವಾಲಯ: ದಕ್ಷಿಣ ದ್ವಾರದ ಬಳಿ ಇದೆ. ಇಲ್ಲಿನ ಮೂರ್ತಿಯನ್ನು ಚಿಕ್ಕದೇವರಾಜ ಒಡೆಯರ್ (1673–1704) ತಮಿಳುನಾಡಿನ ಶ್ರೀಮುಷ್ಣದಿಂದ ತರಿಸಿ ಶ್ರೀರಂಗಪಟ್ಟಣದಲ್ಲಿ ಪ್ರತಿಷ್ಠಾಪಿಸಿದ್ದರು. ದಿವಾನ್ ಪೂರ್ಣಯ್ಯನವರು 1809ರಲ್ಲಿ ಈಗಿನ ದೇವಾಲಯವನ್ನು ಕಟ್ಟಿಸಿದರು. ಶಿವಮೊಗ್ಗ ಸೀಮೆಯ ಶಿಥಿಲಗೊಂಡ ಹೊಯ್ಸಳ ಕಟ್ಟಡವೊಂದರ ಕಂಬ ಮೊದಲಾದ ಭಾಗಗಳನ್ನು ಇದಕ್ಕೆ ಬಳಸಿಕೊಳ್ಳಲಾಯಿತು. ಒಳಗೋಡೆಗಳಲ್ಲಿ ಮೈಸೂರು ಶೈಲಿಯ ವರ್ಣಚಿತ್ರಗಳಿವೆ.

5. ಪ್ರಸನ್ನ ಕೃಷ್ಣಸ್ವಾಮಿ ದೇವಾಲಯ: ಮುಮ್ಮಡಿ ಕೃಷ್ಣರಾಜ ಒಡೆಯರ್ ಅವರು ಕಟ್ಟಿಸಿದ ಈ ದೇವಾಲಯವು 1829ರಲ್ಲಿ ಪೂರ್ಣಗೊಂಡಿತು.

6. ಭುವನೇಶ್ವರಿ ಹಾಗೂ ಗಾಯತ್ರಿ ದೇವಾಲಯಗಳು: ಜಯಚಾಮರಾಜ ಒಡೆಯರ್ ಅವರ ಕಾಲದಲ್ಲಿ ಕ್ರಮವಾಗಿ 1951 ಹಾಗೂ 1953ರಲ್ಲಿ ನಿರ್ಮಾಣವಾದವು.

ಒಂದೇ ಬೆಳಗಿನಲ್ಲಿ ಎಲ್ಲವನ್ನೂ ನೋಡುವ ಅವಸರ ಬೇಡ. ಕೋಟೆ ಆಂಜನೇಯ, ವರಾಹಸ್ವಾಮಿ ಹಾಗೂ ಇನ್ನೊಂದು ದೇವಾಲಯವನ್ನು ನಿಧಾನವಾಗಿ ನೋಡಿದರೆ ಸಾಕು. ಮಾರುಕಟ್ಟೆಯೂ ಸೇರಿ ಸುಮಾರು ಮೂರು ಗಂಟೆಗಳ ಕಾಲಾವಕಾಶ ಇಟ್ಟುಕೊಳ್ಳಬೇಕು.

ಸೂಕ್ತ ಕಾಲ

ಹಬ್ಬದ ಮುನ್ನಾದಿನಗಳಲ್ಲಿ ಮಾರುಕಟ್ಟೆಯ ಸ್ವರೂಪವೇ ಬದಲಾಗುತ್ತದೆ. ಸಂಕ್ರಾಂತಿಗೆ ಎಳ್ಳು, ಬೆಲ್ಲ, ಕಬ್ಬಿನ ಜಲ್ಲೆ. ಯುಗಾದಿಗೆ ಬೇವಿನ ಹೂವು, ಮಾವಿನ ಸೊಪ್ಪು. ವರಮಹಾಲಕ್ಷ್ಮಿ ವ್ರತಕ್ಕೆ ತಾವರೆ ಮತ್ತು ಸೇವಂತಿಗೆ. ಆಯುಧಪೂಜೆಗೆ ಬೂದುಗುಂಬಳ ಹಾಗೂ ಬಾಳೆಕಂದು. ಆಷಾಢ ಮಾಸದ ಶುಕ್ರವಾರಗಳಂದು ಚಾಮುಂಡಿ ಬೆಟ್ಟಕ್ಕೆ ತೆರಳುವ ಭಕ್ತರಿಂದ ಬೇಡಿಕೆ ಹೆಚ್ಚುತ್ತದೆ. ಇಂತಹ ದಿನಗಳು ನೋಡಲು ಸೊಗಸಾದರೂ ಓಣಿಗಳಲ್ಲಿ ಕಾಲಿಡಲು ಸ್ಥಳವಿರುವುದಿಲ್ಲ. ಹೂವಿನ ಬೆಲೆಯೂ ಏರಿರುತ್ತದೆ. ಮೊದಲ ಬಾರಿ ಬರುವವರು, ಹಿರಿಯರು ಹಾಗೂ ಮಕ್ಕಳೊಡನೆ ಇರುವವರು ಸಾಮಾನ್ಯ ವಾರದ ದಿನದ ಮುಂಜಾನೆಯನ್ನು ಆರಿಸಿಕೊಳ್ಳುವುದು ಒಳಿತು.

ಕಟ್ಟಡದ ಸ್ಥಿತಿ ಮತ್ತು ಸುರಕ್ಷತೆ

ಈ ನಡಿಗೆಯಲ್ಲಿ ಕಾಣಸಿಗುವ ಪಾರಂಪರಿಕ ಕಟ್ಟಡಗಳೆಲ್ಲವೂ ಸುಸ್ಥಿತಿಯಲ್ಲಿಲ್ಲ. ಚಿಕ್ಕ ಗಡಿಯಾರದ ಸಮೀಪದ ಲ್ಯಾನ್ಸ್‌ಡೌನ್ ಕಟ್ಟಡದ ಒಂದು ಭಾಗ 2012ರ ಆಗಸ್ಟ್‌ನಲ್ಲಿ ಕುಸಿದು ನಾಲ್ವರು ಮೃತಪಟ್ಟರು. 2016ರ ಆಗಸ್ಟ್‌ನಲ್ಲಿ, ದುರಸ್ತಿ ಕಾರ್ಯ ನಡೆಯುತ್ತಿದ್ದಾಗಲೇ, ದೇವರಾಜ ಮಾರುಕಟ್ಟೆಯ ಧನ್ವಂತ್ರಿ ರಸ್ತೆ ಕಡೆಯ ಉತ್ತರ ಭಾಗ ಕುಸಿಯಿತು. ಕಟ್ಟಡವನ್ನು ಉಳಿಸಿ ಜೀರ್ಣೋದ್ಧಾರ ಮಾಡಬೇಕೇ ಅಥವಾ ಕೆಡವಿ ಅದೇ ಮಾದರಿಯಲ್ಲಿ ಮತ್ತೆ ಕಟ್ಟಬೇಕೇ ಎಂಬ ವಿಷಯದಲ್ಲಿ ತಜ್ಞರಲ್ಲಿಯೇ ಭಿನ್ನಾಭಿಪ್ರಾಯ ಮೂಡಿ, ವಿವಾದವು ನ್ಯಾಯಾಲಯದ ಮೆಟ್ಟಿಲೇರಿತು. 2023ರಲ್ಲಿ ಕರ್ನಾಟಕ ಉಚ್ಚ ನ್ಯಾಯಾಲಯವು ಕೆಡವಿ ಪುನರ್ನಿರ್ಮಿಸುವ ನಿರ್ಧಾರವನ್ನು ಎತ್ತಿಹಿಡಿಯಿತು.

ಇಲ್ಲಿ ಪ್ರಶ್ನೆಯು ಗೋಡೆ ಹಾಗೂ ಕಮಾನುಗಳಿಗೆ ಸೀಮಿತವಾದುದಲ್ಲ. ತಲೆಮಾರುಗಳಿಂದ ಅದೇ ಸಾಲಿನಲ್ಲಿ ಕುಳಿತು ವ್ಯಾಪಾರ ಮಾಡುವವರ ಜೀವನೋಪಾಯ, ಸುತ್ತಲಿನ ರೈತರ ಬೆಳೆಗೆ ದೊರೆಯುವ ನೆಲೆ, ಹಾಗೂ ನಿತ್ಯ ಅಲ್ಲಿ ಓಡಾಡುವವರ ಪ್ರಾಣರಕ್ಷಣೆ ಎಲ್ಲವೂ ಇದರಲ್ಲಿ ಅಡಗಿವೆ. ಪ್ರವಾಸಿಗರು ಹೊರಡುವ ಮುನ್ನ ಯಾವ ದ್ವಾರ, ಯಾವ ಭಾಗ ಪ್ರವೇಶಕ್ಕೆ ತೆರೆದಿದೆಯೆಂದು ಖಚಿತಪಡಿಸಿಕೊಳ್ಳಬೇಕು. ತಡೆಬೇಲಿ ಹಾಕಿರುವ ಅಥವಾ ಬಿರುಕು ಬಿಟ್ಟಿರುವ ಭಾಗಗಳ ಕೆಳಗೆ ಛಾಯಾಚಿತ್ರಕ್ಕಾಗಿ ನಿಲ್ಲಬಾರದು.

ಪ್ರವಾಸಿಗರು ಗಮನಿಸಬೇಕಾದ ಅಂಶಗಳು

1. ಬೆಳಗಿನ ವೇಳೆ ವ್ಯಾಪಾರಿಗಳಿಗೆ ಅತ್ಯಂತ ಅಮೂಲ್ಯವಾದುದು. ಗುಂಪಿನಲ್ಲಿ ಎಂಟು–ಹತ್ತು ಜನರಿಗಿಂತ ಹೆಚ್ಚಿರದಂತೆ ನೋಡಿಕೊಳ್ಳಬೇಕು. ಅಂಗಡಿಯ ಮುಂದೆ ಗಿರಾಕಿಗಳಿಗೆ ಅಡ್ಡವಾಗಿ ನಿಲ್ಲಬಾರದು.

2. ತಲೆಹೊರೆ ಹೊತ್ತು ಬರುವ ಹಮಾಲರಿಗೆ ಮೊದಲು ದಾರಿ ಬಿಡಬೇಕು.

3. ವ್ಯಕ್ತಿಗಳ ಛಾಯಾಚಿತ್ರ ತೆಗೆಯುವ ಮೊದಲು ಅನುಮತಿ ಕೇಳಬೇಕು. ಚಿತ್ರ ತೆಗೆದುಕೊಂಡ ಅಂಗಡಿಯಲ್ಲಿ ಏನಾದರೊಂದನ್ನು ಕೊಳ್ಳುವುದು ಸೌಜನ್ಯ.

4. ಪೂಜೆಗೆಂದು ಇಟ್ಟಿರುವ ಹೂವನ್ನು ಮೂಸಿ ನೋಡಬಾರದು. ಮೂಸಿದ ಹೂವನ್ನು ದೇವರಿಗೆ ಏರಿಸುವುದಿಲ್ಲ.

5. ಹಣ್ಣುಗಳನ್ನು ತೊಳೆದು ತಿನ್ನಬೇಕು. ಕಡಲೆಕಾಯಿ, ಹಾಲು, ತುಪ್ಪ ಇತ್ಯಾದಿ ಒಗ್ಗದವರು ಮಾರ್ಗದರ್ಶಕರಿಗೆ ಮೊದಲೇ ತಿಳಿಸಬೇಕು.

6. ಬಟ್ಟೆಯ ಚೀಲವನ್ನು ಜೊತೆಗೆ ತರಬೇಕು. ರಾಜ್ಯದಲ್ಲಿ 2016ರಿಂದ ಪ್ಲಾಸ್ಟಿಕ್ ಕೈಚೀಲಗಳನ್ನು ನಿಷೇಧಿಸಲಾಗಿದೆ.

7. ದೇವಾಲಯಗಳಲ್ಲಿ ಪಾದರಕ್ಷೆಗಳನ್ನು ಹೊರಗೆ ಬಿಡಬೇಕು. ಮೈ ಮುಚ್ಚುವ ಉಡುಪು ಧರಿಸಬೇಕು. ಗರ್ಭಗುಡಿಯ ಛಾಯಾಚಿತ್ರ ತೆಗೆಯಬಾರದು. ತೀರ್ಥ, ಪ್ರಸಾದಗಳನ್ನು ಬಲಗೈಯಲ್ಲಿ ಸ್ವೀಕರಿಸಬೇಕು. ಮಧ್ಯಾಹ್ನ ಬಾಗಿಲು ಹಾಕುವುದರಿಂದ ಅದಕ್ಕೆ ಮೊದಲೇ ತಲುಪಬೇಕು.

ಇತರ ಊರುಗಳಲ್ಲಿ

ಈ ಕ್ರಮವು ದೊಡ್ಡ ನಗರಕ್ಕೆ ಮಾತ್ರ ಸೀಮಿತವಲ್ಲ. ಸಂತೆ ಮತ್ತು ದೇವಾಲಯಗಳೆರಡೂ ಇರುವ ಯಾವುದೇ ಊರಿನಲ್ಲಿ ಸ್ಥಳೀಯ ತಿಳಿವಳಿಕೆಯುಳ್ಳವರೊಡನೆ ಹೀಗೆ ನಡೆಯಬಹುದು. ಉಡುಪಿಯ ರಥಬೀದಿ ಇದಕ್ಕೆ ಉತ್ತಮ ಉದಾಹರಣೆ. ದಾವಣಗೆರೆ ಜಿಲ್ಲೆಯಲ್ಲಿ ಬೆಣ್ಣೆ ದೋಸೆ ಹಾಗೂ ಮಂಡಕ್ಕಿಗೆ ಹೆಸರಾದ ದಾವಣಗೆರೆಯ ಬೀದಿಗಳನ್ನೂ, 13ನೆಯ ಶತಮಾನದ ಹರಿಹರೇಶ್ವರ ದೇವಾಲಯವಿರುವ ಹರಿಹರವನ್ನೂ ಒಂದೇ ದಿನ ನೋಡಬಹುದು. ಅದೇ ಜಿಲ್ಲೆಯ ಚನ್ನಗಿರಿ ತಾಲ್ಲೂಕಿನ ಸಂತೇಬೆನ್ನೂರು ಹೆಸರಿನಲ್ಲಿಯೇ ಸಂತೆಯನ್ನು ಉಳಿಸಿಕೊಂಡಿದೆ. ಪಾಳೆಯಗಾರ ಹನುಮಪ್ಪ ನಾಯಕನ ಕಾಲದ ಅಲ್ಲಿನ ಪುಷ್ಕರಣಿ ನೋಡತಕ್ಕದ್ದು. ಉಬ್ರಾಣಿ ಹೋಬಳಿಯ ಅಡಿಕೆ ತೋಟಗಳ ಕಡೆಗೆ ಹೊರಟವರು ದಾರಿಯಲ್ಲಿ ಇಲ್ಲಿ ಒಂದು ಗಂಟೆ ನಿಂತು ಮುಂದುವರಿಯಬಹುದು. ತಾಂಬೂಲದ ಎಲೆಯನ್ನು ಮೈಸೂರಿನಲ್ಲಿ ನೋಡಿದವರಿಗೆ, ಅದರ ಜೊತೆಗೂಡುವ ಅಡಿಕೆಯ ನೆಲೆಯನ್ನು ಇಲ್ಲಿ ಕಂಡಂತಾಗುತ್ತದೆ.

ಪ್ರವಾಸಿಗರು ಮೇಲ್ಕಂಡ ಅಂಶಗಳನ್ನು ಗಮನದಲ್ಲಿರಿಸಿಕೊಂಡು, ಮಾರುಕಟ್ಟೆಯ ದುಡಿಮೆಗೂ ದೇವಾಲಯಗಳ ಪಾವಿತ್ರ್ಯಕ್ಕೂ ಧಕ್ಕೆಯಾಗದಂತೆ ಈ ನಡಿಗೆಯ ಪ್ರಯೋಜನ ಪಡೆಯಬೇಕೆಂದು ಕೋರಲಾಗಿದೆ.