ಒಂದೇ ದಿನದಲ್ಲಿ ಫ್ಯೂಜಿ: ಬೆಟ್ಟಕ್ಕೆ ಕರೆದೊಯ್ದವರ ಕಥೆ

ಇವತ್ತಿನ ಸಂಚಿಕೆಯಲ್ಲಿ ಜಪಾನಿಗೆ ಹೋಗೋಣ.

ಟೋಕಿಯೊದಿಂದ ಫ್ಯೂಜಿ ಬೆಟ್ಟಕ್ಕೆ ಒಂದು ದಿನದ ಖಾಸಗಿ ಪ್ರವಾಸ ಅಂತ ಹುಡುಕಿ ನೋಡಿ. ಬೇಕಾದಷ್ಟು ಸಿಗುತ್ತವೆ. ಬೆಳಗ್ಗೆ ಹೋಟೆಲ್ ಬಾಗಿಲಿಗೇ ಕಾರು ಬರುತ್ತೆ, ಜೊತೆಗೆ ಒಬ್ಬ ಗೈಡ್. ಒಂದು ಪಗೋಡ, ಒಂದು ಸರೋವರ, ಬೆಟ್ಟದ ಅರ್ಧದವರೆಗೆ ಕಾರಿನಲ್ಲೇ ಸವಾರಿ, ರಾತ್ರಿ ಊಟದ ಹೊತ್ತಿಗೆ ವಾಪಸ್. ಇದು ಇನ್‌ಸ್ಟಾಗ್ರಾಂ ಕಾಲದ ವ್ಯಾಪಾರ ಅಂತ ನಮಗೆ ಅನ್ನಿಸೋದು ಸಹಜ. ಆದರೆ ದುಡ್ಡು ಕೊಟ್ಟು, ದಾರಿ ಬಲ್ಲ ಒಬ್ಬರನ್ನು ಹಿಡಿದು ಫ್ಯೂಜಿಗೆ ಹೋಗೋದು ಮುನ್ನೂರು ವರ್ಷಕ್ಕೂ ಹಳೆಯ ವ್ಯವಹಾರ. ಆ ಕೆಲಸಕ್ಕೆ ಅಂತಲೇ ಒಂದು ಊರಿತ್ತು, ತಲೆಮಾರುಗಳಿಂದ ಅದನ್ನೇ ಮಾಡಿಕೊಂಡು ಬಂದ ಮನೆತನಗಳಿದ್ದವು. ಆ ಊರು ಈಗಲೂ ಇದೆ. ನಮ್ಮ ಕಾರುಗಳು ಅದರ ಪಕ್ಕದಲ್ಲೇ ಹಾದುಹೋಗ್ತವೆ.

ಮೊದಲು ದುಡ್ಡಿನ ವಿಷಯ. ಟೋಕಿಯೊಗೆ ಆಗ ಎದೋ ಅಂತ ಹೆಸರು. ಹದಿನೆಂಟನೇ ಶತಮಾನದ ಎದೋದಲ್ಲಿ ಒಬ್ಬ ಬಡಗಿಯೋ ಮೀನು ಮಾರುವವನೋ ಫ್ಯೂಜಿಗೆ ಹೋಗಬೇಕು ಅಂದ್ರೆ ಏನು ಮಾಡಬೇಕು? ಬೆಟ್ಟ ಇರೋದು ಸುಮಾರು ನೂರು ಕಿಲೋಮೀಟರ್ ದೂರದಲ್ಲಿ. ನಡೆದು ಹೋಗೋಕೇ ಮೂರು-ನಾಲ್ಕು ದಿನ, ಬರೋಕೆ ಮತ್ತೆ ಅಷ್ಟೇ. ಅಷ್ಟು ದಿನದ ಕೂಲಿ ಹೋಯ್ತು. ಛತ್ರ, ಊಟ, ಕಾಣಿಕೆ, ಬೆಟ್ಟದ ಸುಂಕ ಎಲ್ಲ ಕೈಯಿಂದ ಹೋಗಬೇಕು. ಒಬ್ಬನಿಗೆ ಆಗದ ಮಾತು.

ಅದಕ್ಕೆ ಅವರು ಕಂಡುಕೊಂಡ ದಾರಿ ನಮಗೆಲ್ಲ ಚೆನ್ನಾಗಿ ಗೊತ್ತು: ಚೀಟಿ ಹಾಕೋದು. ಕೇರಿಯ ಒಂದಷ್ಟು ಜನ ಸೇರಿ ಒಂದು ಕೂಟ ಮಾಡಿಕೊಳ್ಳೋರು. ಅದಕ್ಕೆ 'ಕೋ' ಅಂತ ಹೆಸರು; ಫ್ಯೂಜಿಗಾಗಿ ಮಾಡಿದ್ದು 'ಫ್ಯೂಜಿ-ಕೋ'. ಎಲ್ಲರೂ ಆಗಾಗ ಸ್ವಲ್ಪ ಸ್ವಲ್ಪ ದುಡ್ಡು ಹಾಕಬೇಕು. ವರ್ಷಕ್ಕೊಮ್ಮೆ ಚೀಟಿ ಎತ್ತಬೇಕು. ಯಾರ ಹೆಸರು ಬಂತೋ ಅವರು ಉಳಿದವರ ಪರವಾಗಿ ಬೆಟ್ಟ ಹತ್ತಿ ಬರೋರು. ಮುಂದಿನ ವರ್ಷ ಇನ್ನೊಬ್ಬರ ಸರದಿ. ನನ್ನ ಅಜ್ಜಿ ಬೀದಿಯಲ್ಲಿ ನಡೆಸ್ತಿದ್ದ ಚೀಟಿಗೂ ಇದಕ್ಕೂ ವ್ಯತ್ಯಾಸ ಇಷ್ಟೇ: ಅಜ್ಜಿಯ ಚೀಟಿಯಲ್ಲಿ ಬರ್ತಿದ್ದದ್ದು ಪಾತ್ರೆ, ಇಲ್ಲಿ ಬರ್ತಿದ್ದದ್ದು ಪುಣ್ಯ. ಫ್ಯೂಜಿಯ ಬುಡದ ಯಾಮಾನಾಶಿ ಪ್ರಾಂತದಲ್ಲಿ 'ಮುಜಿನ್' ಅನ್ನೋ ಹೆಸರಲ್ಲಿ ಗೆಳೆಯರು ಸೇರಿ ಚೀಟಿ ಹಾಕೋ ಅಭ್ಯಾಸ ಇವತ್ತಿಗೂ ಇದೆ.

ಎದೋದಿಂದ ಹೊರಟವರು ಹೋಗಿ ಸೇರ್ತಿದ್ದದ್ದು ಬೆಟ್ಟದ ಉತ್ತರದ ಬುಡದಲ್ಲಿರೋ ಯೊಶಿದಾ ಅನ್ನೋ ಊರಿಗೆ. ಈಗಿನ ಫ್ಯೂಜಿಯೊಶಿದಾ ನಗರ. ಅಲ್ಲಿ ಅವರಿಗಾಗಿ ಕಾಯ್ತಿದ್ದವರು 'ಓಶಿ'ಗಳು. ಈ ಪದಕ್ಕೆ ಕನ್ನಡದಲ್ಲಿ ಏನು ಹೇಳೋದು? ಅರ್ಧ ಅರ್ಚಕ, ಅರ್ಧ ಛತ್ರದ ಯಜಮಾನ, ಮೇಲೆ ಒಂದಿಷ್ಟು ಟ್ರಾವೆಲ್ ಏಜೆಂಟ್. ಕಾಶಿ, ಗಯಾದಲ್ಲಿ ಪಂಡಾಗಳ ಮನೆಯಲ್ಲಿ ಇಳಿದುಕೊಂಡವರಿಗೆ ತಕ್ಷಣ ಅರ್ಥ ಆಗುತ್ತೆ. ಯಾತ್ರಿಕರನ್ನು ಮನೆಯಲ್ಲಿ ಇಳಿಸಿಕೊಳ್ಳೋದು, ಊಟ ಹಾಕೋದು, ಮನೆಯೊಳಗಿನ ದೇವರ ಮುಂದೆ ಪೂಜೆ ಮಾಡಿಸೋದು, ಬೆಟ್ಟಕ್ಕೆ ಬೇಕಾದ ಬಿಳಿ ಬಟ್ಟೆ, ಊರುಗೋಲು, ಹೊರೆಯಾಳು ಎಲ್ಲ ಹೊಂದಿಸಿಕೊಡೋದು ಅವರ ಕೆಲಸ. ಚಳಿಗಾಲದಲ್ಲಿ ಬೆಟ್ಟ ಮುಚ್ಚಿದಾಗ ಓಶಿಯೇ ಎದೋಗೆ ನಡೆದು ಬರೋನು. ತನ್ನ ಗಿರಾಕಿ ಕೂಟಗಳ ಮನೆಮನೆಗೆ ಹೋಗಿ ರಕ್ಷಾಪತ್ರ ಕೊಟ್ಟು, ಕಾಣಿಕೆ ಪಡೆದು, ಮುಂದಿನ ಬೇಸಿಗೆಗೆ ಕರೆದು ಹೋಗೋನು. ಯಾವ ಕೂಟ ಯಾವ ಓಶಿಗೆ ಸೇರಿದ್ದು ಅನ್ನೋದು ಆಸ್ತಿಯ ಹಾಗೆ ಅಪ್ಪನಿಂದ ಮಗನಿಗೆ ಬರ್ತಿತ್ತು. ಉಚ್ಛ್ರಾಯದ ಕಾಲದಲ್ಲಿ ಆ ಒಂದು ಬೀದಿಯಲ್ಲಿ ಎಂಬತ್ತಕ್ಕೂ ಹೆಚ್ಚು ಓಶಿ ಮನೆಗಳಿದ್ದವು.

ಇದನ್ನು ಬರೀ ವ್ಯಾಪಾರ ಅಂತ ತಳ್ಳಿಹಾಕೋ ಹಾಗಿಲ್ಲ. ಫ್ಯೂಜಿ-ಕೋ ಇಷ್ಟು ದೊಡ್ಡದಾಗಿದ್ದಕ್ಕೆ ಕಾರಣ ಒಬ್ಬ ಎಣ್ಣೆ ವ್ಯಾಪಾರಿ. ಅವನ ಹೆಸರು ಜಿಕಿಗ್ಯೋ ಮಿರೊಕು. 1732ರಲ್ಲಿ ಪಶ್ಚಿಮ ಜಪಾನಿನಲ್ಲಿ ದೊಡ್ಡ ಕ್ಷಾಮ ಬಂತು. ಅಕ್ಕಿ ಬೆಲೆ ಏರಿ, 1733ರ ಶುರುವಿನಲ್ಲಿ ಎದೋದ ಜನ ಅಕ್ಕಿ ವ್ಯಾಪಾರಿಯೊಬ್ಬನ ಅಂಗಡಿ ಒಡೆದರು. ಅದೇ ವರ್ಷ ಜಿಕಿಗ್ಯೋ ಬೆಟ್ಟ ಹತ್ತಿದ. ಶಿಖರಕ್ಕಿಂತ ಕೆಳಗೆ, ಎಬೋಶಿ ಅನ್ನೋ ಬಂಡೆಯ ಹತ್ತಿರ ಕೂತು 31 ದಿನ ಉಪವಾಸ ಮಾಡಿ ಪ್ರಾಣ ಬಿಟ್ಟ. ಲೋಕ ಸರಿಹೋಗಲಿ ಅನ್ನೋದು ಅವನ ಸಂಕಲ್ಪ. ಅಷ್ಟೂ ದಿನ ಅವನ ಜೊತೆಗಿದ್ದು, ಅವನು ಹೇಳಿದ್ದನ್ನೆಲ್ಲ ಬರೆದಿಟ್ಟವನು ತನಾಬೆ ಜೂರೊಎಮೊನ್. ಅವನು ಯೊಶಿದಾದ ಒಬ್ಬ ಓಶಿ! ಅಂದ್ರೆ ನಮ್ಮ ಭಾಷೆಯಲ್ಲಿ, ಗೈಡು. ಆ ಬರಹ ಕೂಟದಿಂದ ಕೂಟಕ್ಕೆ ಹರಡಿತು. ಸರ್ಕಾರಕ್ಕೆ ಇದು ಇಷ್ಟವಾಗಲಿಲ್ಲ. ಕೂಲಿಕಾರರು, ಅಂಗಡಿಯವರು ಗುಂಪು ಕಟ್ಟಿಕೊಂಡು ಲೋಕ ಸರಿಮಾಡುವ ಮಾತಾಡಿದ್ರೆ ಯಾವ ಸರ್ಕಾರಕ್ಕೆ ಇಷ್ಟವಾದೀತು? ಮತ್ತೆ ಮತ್ತೆ ನಿಷೇಧ ಹೇರಿದರು. ಕೂಟಗಳು ಮಾತ್ರ ಬೆಳೀತಾನೇ ಹೋದವು.

ಜಿಕಿಗ್ಯೋ ಹೇಳಿದ ಇನ್ನೊಂದು ಮಾತು ಹೆಂಗಸರ ಬಗ್ಗೆ. ಹೆಣ್ಣು ಅಶುದ್ಧಳಲ್ಲ, ಗಂಡಿಗೂ ಹೆಣ್ಣಿಗೂ ಭೇದ ಇಲ್ಲ ಅಂತ ಅವನು ಹೇಳಿದ್ದ. ಆದರೆ ಬೆಟ್ಟದ ಕಾನೂನು ಬೇರೆ ಇತ್ತು. ಫ್ಯೂಜಿಯ ದಾರಿಯನ್ನು ಬುಡದಿಂದ ಶಿಖರಕ್ಕೆ ಹತ್ತು ಹಂತಗಳಾಗಿ ಎಣಿಸ್ತಾರೆ. ಯೊಶಿದಾ ದಾರಿಯಲ್ಲಿ ಎರಡನೇ ಹಂತದ ಮೇಲೆ ಹೆಂಗಸರಿಗೆ ಪ್ರವೇಶ ಇರಲಿಲ್ಲ. ಅರವತ್ತು ವರ್ಷಕ್ಕೊಮ್ಮೆ ಬರುವ ವಿಶೇಷ ಸಂವತ್ಸರದಲ್ಲಿ ಮಾತ್ರ ಆ ಗೆರೆ ಸ್ವಲ್ಪ ಸಡಿಲವಾಗ್ತಿತ್ತು. ಅರವತ್ತು ವರ್ಷ! ಆ ಕಾಲದ ಆಯಸ್ಸಿಗೆ ಒಬ್ಬ ಹೆಂಗಸಿಗೆ ಒಂದು ಅವಕಾಶ ಸಿಕ್ಕರೆ ಹೆಚ್ಚು.

ಹೋಗಲಾರದವರಿಗಾಗಿ ಒಬ್ಬ ತೋಟಗಾರ ಉಪಾಯ ಮಾಡಿದ. ಹೆಸರು ತಕಾದಾ ತೊಶಿರೊ, ಜಿಕಿಗ್ಯೋನ ಶಿಷ್ಯ. 1779ರಲ್ಲಿ ಎದೋದಲ್ಲೇ ಮಣ್ಣು ಪೇರಿಸಿ, ಫ್ಯೂಜಿಯಿಂದ ತಂದ ಲಾವಾ ಕಲ್ಲು ಜೋಡಿಸಿ, ಒಂದು ಪುಟ್ಟ ಫ್ಯೂಜಿ ಕಟ್ಟಿದ. ಮುದುಕರು, ಮಕ್ಕಳು, ಹೆಂಗಸರು ಅದನ್ನೇ ಹತ್ತಿ ಕೈ ಮುಗಿಯೋರು. ನಗರದ ತುಂಬ ಅಂಥವು ಎದ್ದವು, ಟೋಕಿಯೊದಲ್ಲಿ ಇನ್ನೂ ಹತ್ತಾರು ಉಳಿದಿವೆ. ಆ ಮೊದಲನೆಯದು ಮಾತ್ರ 1960ರ ದಶಕದಲ್ಲಿ ವಾಸೆದಾ ವಿಶ್ವವಿದ್ಯಾಲಯ ಕಟ್ಟಡ ವಿಸ್ತರಿಸಿದಾಗ ಹೋಯ್ತು.

ಪುಟ್ಟ ಫ್ಯೂಜಿಯಲ್ಲಿ ತೃಪ್ತಿಪಡದ ಒಬ್ಬಳಿದ್ದಳು. ತಕಾಯಾಮಾ ತಾತ್ಸು. 1832ರಲ್ಲಿ, ಯಾತ್ರೆಯ ಹಂಗಾಮು ಮುಗಿದು ಬೆಟ್ಟ ಖಾಲಿಯಾಗಿ ಚಳಿ ಶುರುವಾದ ಮೇಲೆ, ಗಂಡಸಿನ ವೇಷ ಹಾಕಿಕೊಂಡು ಶಿಖರ ಮುಟ್ಟಿದಳು. ಕರೆದುಕೊಂಡು ಹೋದವನು ಅವಳ ಪಂಥದ ಗುರು ಕೊತಾನಿ ಸಾನ್ಶಿ. ಫ್ಯೂಜಿಯ ತುದಿ ಕಂಡ ಮೊದಲ ಹೆಂಗಸು ಅಂತ ದಾಖಲೆಯಲ್ಲಿ ಇರೋದು ಅವಳ ಹೆಸರೇ. 1867ರಲ್ಲಿ ಬ್ರಿಟಿಷ್ ರಾಯಭಾರಿ ಹ್ಯಾರಿ ಪಾರ್ಕ್ಸ್‌ನ ಹೆಂಡತಿ ಫ್ಯಾನಿ ಹತ್ತಿದಾಗ ಅವಳನ್ನು ಯಾರೂ ತಡೆಯಲಿಲ್ಲ, ವೇಷವೂ ಬೇಕಾಗಲಿಲ್ಲ. 1872ರಲ್ಲಿ ಸರ್ಕಾರ ಆ ನಿಷೇಧವನ್ನೇ ತೆಗೆದುಹಾಕಿತು.

ವಿದೇಶಿಯರ ಮಾತು ಬಂತಲ್ಲ. ಫ್ಯೂಜಿ ಹತ್ತಿದ ಮೊದಲ ವಿದೇಶಿ ಅಂತ ದಾಖಲಾಗಿರೋದು ರುದರ್‌ಫರ್ಡ್ ಆಲ್‌ಕಾಕ್, ಬ್ರಿಟಿಷ್ ರಾಯಭಾರಿ, 1860ರ ಸೆಪ್ಟೆಂಬರ್. ಅವನದ್ದು ಖಾಸಗಿ ಪ್ರವಾಸ ಅನ್ನೋದು ಹೆಸರಿಗೆ ಮಾತ್ರ. ಒಪ್ಪಂದದ ಪ್ರಕಾರ ರಾಯಭಾರಿಗೆ ದೇಶದಲ್ಲಿ ಓಡಾಡುವ ಹಕ್ಕಿದೆ, ಅದನ್ನು ಚಲಾಯಿಸಿ ತೋರಿಸ್ತೀನಿ ಅಂತ ಹೊರಟವನು ಅವನು. ಬೇಡ ಅಂದ ಜಪಾನಿ ಅಧಿಕಾರಿಗಳು ಕೊನೆಗೆ ಒಂದು ದೊಡ್ಡ ಪರಿವಾರವನ್ನೇ ಜೊತೆಗೆ ಕಳಿಸಿದರು. ಹಿಂದಿರುಗುವಾಗ ಅತಾಮಿ ಅನ್ನೋ ಊರಿನಲ್ಲಿ ಅವನ ನಾಯಿ ಟೋಬಿ ಬಿಸಿನೀರಿನ ಬುಗ್ಗೆಗೆ ಸಿಕ್ಕಿ ಸತ್ತುಹೋಯ್ತು. ಅದರ ಸಮಾಧಿ ಕಲ್ಲು ಅಲ್ಲಿ ಇವತ್ತಿಗೂ ಇದೆ. ಇತಿಹಾಸದಲ್ಲಿ ಹೊರೆಯಾಳುಗಳ ಹೆಸರು ಉಳಿಯಲಿಲ್ಲ, ನಾಯಿ ಹೆಸರು ಉಳೀತು.

ಓಶಿಗಳಿಗೆ ಏನಾಯ್ತು? ಎರಡು ಏಟು ಬಿತ್ತು. ಮೊದಲನೆಯದು 1868ರ ಮೇಲೆ. ಹೊಸ ಮೇಜಿ ಸರ್ಕಾರ ಶಿಂಟೊ ಬೇರೆ, ಬೌದ್ಧ ಬೇರೆ ಅಂತ ಗೆರೆ ಎಳೆದಾಗ ಬೆಟ್ಟದ ಮೇಲಿದ್ದ ಬುದ್ಧ ವಿಗ್ರಹಗಳನ್ನು ತೆಗೆದುಹಾಕಿದರು, ಬೌದ್ಧ ಹೆಸರಿದ್ದ ಕೋಡುಗಳಿಗೆ ಬೇರೆ ಹೆಸರಿಟ್ಟರು. ಓಶಿ ಅನ್ನೋ ಅಧಿಕೃತ ಸ್ಥಾನವೂ ಹೋಯ್ತು. ಆದರೂ ಮನೆಗಳು ಹೇಗೋ ಯಾತ್ರಿಕರನ್ನು ಇಳಿಸಿಕೊಂಡು ನಡೀತಿದ್ದವು. ಎರಡನೇ ಏಟು ಡಾಂಬರಿನದು. ಟೋಕಿಯೊ ಒಲಿಂಪಿಕ್ಸ್ ನಡೆದ 1964ರಲ್ಲೇ, ಏಪ್ರಿಲ್‌ನಲ್ಲಿ, 'ಸುಬಾರು ಲೈನ್' ಅನ್ನೋ ರಸ್ತೆ ತೆರೆಯಿತು. ಬಸ್ಸು, ಕಾರು ಸೀದಾ ಐದನೇ ಹಂತಕ್ಕೆ, ಅಂದ್ರೆ 2,305 ಮೀಟರ್ ಎತ್ತರಕ್ಕೆ ಹೋಗತೊಡಗಿದವು. ಬುಡದಿಂದ ನಡೆಯೋರು ಯಾರು? ಕೆಳಗಿನ ಹಂತಗಳ ಛತ್ರಗಳು ಮುಚ್ಚಿ, ಕುಸಿದು, ಕಾಡು ಸೇರಿದವು. ನೂರು ವರ್ಷದ ಹಿಂದೆ ಸರ್ಕಾರದ ಆಜ್ಞೆಯಿಂದ ಆಗದ್ದನ್ನು ಆ ರಸ್ತೆ ಕೆಲವೇ ವರ್ಷಗಳಲ್ಲಿ ಮಾಡಿ ಮುಗಿಸಿತು ಅಂತ ನನಗನ್ನಿಸುತ್ತೆ.

ಕಳೆದ ಅಕ್ಟೋಬರ್‌ನಲ್ಲಿ ನಾನೂ ನನ್ನ ಅಕ್ಕನೂ ಹೋದದ್ದು ಇದೇ ರಸ್ತೆಯಲ್ಲಿ, ಇಂಥದೇ ಒಂದು ದಿನದ ಪ್ರವಾಸದಲ್ಲಿ. ಗೈಡ್ ಅರವತ್ತು ದಾಟಿದ ಹೆಂಗಸು. ಮೂವರು ಹೆಂಗಸರು ಸೀಟಿಗೆ ಬೆನ್ನು ಕೊಟ್ಟುಕೊಂಡು, ಎರಡನೇ ಹಂತದ ಆ ಗೆರೆಯ ಎತ್ತರವನ್ನು ಯಾವಾಗ ದಾಟಿದೆವು ಅಂತಲೂ ಗೊತ್ತಾಗಲಿಲ್ಲ. ಅವರು ಪರವಾನಗಿ ಪಡೆದ ಗೈಡ್. ಜಪಾನಿನಲ್ಲಿ 1949ರಿಂದ ಇದಕ್ಕೊಂದು ಕಾನೂನು ಇತ್ತು: ವಿದೇಶಿಯರಿಗೆ ಅವರ ಭಾಷೆಯಲ್ಲಿ ದುಡ್ಡಿಗೆ ಗೈಡ್ ಆಗಬೇಕಾದರೆ ರಾಷ್ಟ್ರಮಟ್ಟದ ಪರೀಕ್ಷೆ ಪಾಸಾಗಲೇಬೇಕು. ಇತಿಹಾಸ, ಭೂಗೋಳ, ಭಾಷೆ ಎಲ್ಲ ಸೇರಿದ ಕಷ್ಟದ ಪರೀಕ್ಷೆ. ವಿದೇಶಿ ಪ್ರವಾಸಿಗರು ಹೆಚ್ಚಾದರು, ಗೈಡ್‌ಗಳು ಸಾಲಲಿಲ್ಲ. 2018ರ ಜನವರಿಯಿಂದ ಆ ನಿರ್ಬಂಧ ತೆಗೆದರು. ಈಗ ಪರವಾನಗಿ ಇಲ್ಲದವರೂ ಗೈಡ್ ಆಗಬಹುದು. "ನನ್ನ ಬ್ಯಾಡ್ಜ್ ನೋಡಿ ಈಗ ಯಾರೂ ಕೇಳಲ್ಲ, ಕಾರು ಎಷ್ಟು ದೊಡ್ಡದು ಅಂತ ಕೇಳ್ತಾರೆ" ಅಂದರು ಅವರು, ನಗ್ತಾನೇ. ನನಗೆ ಓಶಿಗಳ ನೆನಪಾಯ್ತು.

ಚುರೈತೊ ಪಗೋಡಾಗೂ ಹೋದೆವು. ಫ್ಯೂಜಿಯನ್ನು ಹಿಂದಿಟ್ಟುಕೊಂಡ ಆ ಕೆಂಪು ಪಗೋಡ, ಕ್ಯಾಲೆಂಡರ್‌ಗಳಲ್ಲಿ ನೀವೆಲ್ಲ ನೋಡಿರ್ತೀರಿ. 398 ಮೆಟ್ಟಿಲು. ಸಾವಿರ ವರ್ಷ ಹಳೆಯದು ಅಂದುಕೊಂಡು ಅಕ್ಕ ಕೈ ಮುಗಿದಳು. ಅದು 1963ರದ್ದು, ಯುದ್ಧಗಳಲ್ಲಿ ಸತ್ತ ಆ ಊರಿನವರ ಸ್ಮಾರಕ. ಗೈಡ್ ಹೇಳಿದ ಮೇಲೆ ಅಕ್ಕ ಮತ್ತೊಮ್ಮೆ ಕೈ ಮುಗಿದಳು.

2013ರಲ್ಲಿ ಯುನೆಸ್ಕೊ ಫ್ಯೂಜಿಯನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ನೈಸರ್ಗಿಕ ತಾಣವಾಗಿ ಅಲ್ಲ, ಸಾಂಸ್ಕೃತಿಕ ತಾಣವಾಗಿ. ಅಂದ್ರೆ ಜ್ವಾಲಾಮುಖಿಗಾಗಿ ಸಿಕ್ಕ ಮನ್ನಣೆಯಲ್ಲ ಅದು. ಬೆಟ್ಟಕ್ಕೆ ನಡೆದು ಬಂದವರಿಗೂ ಅದನ್ನು ಚಿತ್ರಿಸಿದವರಿಗೂ ಸಿಕ್ಕದ್ದು. ಆಮೇಲೆ ಜನ ಇನ್ನೂ ಹೆಚ್ಚಾದರು. 2024ರಲ್ಲಿ ಯೊಶಿದಾ ದಾರಿಗೆ ಗೇಟು ಬಂತು: ತಲೆಗೆ 2,000 ಯೆನ್, ದಿನಕ್ಕೆ 4,000 ಜನ ಮಾತ್ರ. 2025ರಲ್ಲಿ ಶುಲ್ಕವನ್ನೂ 4,000 ಯೆನ್ ಮಾಡಿದರು. ಬೆಟ್ಟಕ್ಕೆ ದುಡ್ಡು ಕೇಳೋದೇ ಅಪಚಾರ ಅಂತ ಬೈಯೋರಿದ್ದಾರೆ. ಹಳೇ ಯಾತ್ರಿಕರೂ ಸುಂಕ ಕಟ್ಟಿಯೇ ಹತ್ತುತ್ತಿದ್ದರು ಅನ್ನೋದು ಅವರಿಗೆ ನೆನಪಿಲ್ಲ. ನನಗೆ ಆ ಶುಲ್ಕ ಅನ್ಯಾಯ ಅನ್ನಿಸಲ್ಲ. ಆದರೆ ಈ ಗೇಟು ಇರೋದು ಹತ್ತುವವರಿಗೆ. ನಮ್ಮ ಹಾಗೆ ಕಾರಲ್ಲಿ ಹೋಗಿ, ಐದನೇ ಹಂತದಲ್ಲಿ ಅರ್ಧ ಗಂಟೆ ನಿಂತು, ಫೋಟೊ ತೆಗೆದು, ಬಿಸ್ಕತ್ತು ಕೊಂಡು ಇಳಿಯೋರಿಗೆ ಆ ಗೇಟು ಅಡ್ಡ ಬರೋದೇ ಇಲ್ಲ. ಆ ದಟ್ಟಣೆ ಕಡಿಮೆ ಮಾಡೋಕೆ ರಸ್ತೆಯಲ್ಲಿ ಕಾರು ಬಿಟ್ಟು ಟ್ರಾಮ್ ಓಡಿಸೋ ಯೋಜನೆ ಯಾಮಾನಾಶಿ ಸರ್ಕಾರದ ಮುಂದಿದೆ.

ವಾಪಸ್ ಬರುವಾಗ ಸರೋವರದ ಕಾಫಿ ಅಂಗಡಿ ಬಿಟ್ಟು ಓಶಿ ಮನೆ ತೋರಿಸಿ ಅಂತ ಕೇಳಿದೆ. ಗೈಡ್ ಒಂದು ಕ್ಷಣ ನನ್ನ ಮುಖ ನೋಡಿ ಕಾರು ತಿರುಗಿಸೋಕೆ ಹೇಳಿದರು. ಫ್ಯೂಜಿಯೊಶಿದಾದ ಪೇಟೆ ಬೀದಿಯಲ್ಲಿ, ಅಂಗಡಿ ಸಾಲಿನ ತುದಿಗೆ ಬೆಟ್ಟ ಎದ್ದು ನಿಂತ ಹಾಗೆ ಕಾಣುತ್ತೆ. ಅಲ್ಲಿ ನಡುರಸ್ತೆಯಲ್ಲಿ ನಿಂತು ಫೋಟೊ ತೆಗೆಯೋರ ಗುಂಪು. ಅದನ್ನು ದಾಟಿ ದೊಡ್ಡ ತೋರಣದ್ವಾರದ ಆಚೆ ಸ್ವಲ್ಪ ಮೇಲೆ ಹೋದರೆ ತೊಗಾವಾ ಮನೆ. 1768ರಲ್ಲಿ ಕಟ್ಟಿದ್ದು, ಈಗ ವಸ್ತುಸಂಗ್ರಹಾಲಯ. ರಸ್ತೆಯಿಂದ ಉದ್ದನೆಯ ಸಪೂರ ಓಣಿ, ಮನೆಯ ಮುಂದೆ ಸಣ್ಣ ಕಾಲುವೆ. ಎದೋದಿಂದ ನಡೆದು ಬಂದವರು ಒಳಗೆ ಕಾಲಿಡೋ ಮೊದಲು ಇಂಥ ನೀರಿನಲ್ಲೇ ಶುದ್ಧಿ ಮಾಡಿಕೊಳ್ತಿದ್ದದ್ದು. ಒಳಗೆ ಕೋಣೆಯ ಹಿಂದೆ ಕೋಣೆ, ಕೊನೆಯಲ್ಲಿ ದೇವರ ಕೋಣೆ. ನಾವು ಹೋದಾಗ ಬೇರೆ ಯಾರೂ ಇರಲಿಲ್ಲ. ಗೈಡ್ ಚಪ್ಪಲಿ ಬಿಟ್ಟು ಮೊದಲು ಒಳಗೆ ಹೋಗಿ, ಆ ಮನೆಯವರೇ ಏನೋ ಅನ್ನೋ ಹಾಗೆ ತಿರುಗಿ ನಿಂತು, ಬನ್ನಿ ಅಂತ ಕರೆದರು.